ಮಾಣಿಯ ಎಡಗೈ ವಿಷಯಕ್ಕೆ

ಪುಟ್ಟಿ, ನಿನ್ನ ಮೆಸೇಜು ರಾತ್ರಿಯೇ ಕೇಳಿದೆ. ವೈಶಾಖದಲ್ಲಿ ಮಾಣಿಯ ಉಪನಯನ, ಅಷ್ಟರೊಳಗೆ ಎಡಗೈ ಬಿಡಿಸಬೇಕು, ಬರೆಯೋದೂ ಬಲಗೈಯಲ್ಲೇ ಆಗಬೇಕು, ಇಲ್ಲದಿದ್ದರೆ ನಮ್ಮವರ ಎದುರು ಚೆನ್ನಾಗಿರಲ್ಲ ಅಂತ ನಿಮ್ಮ ಮನೆಯ ಹಿರಿಯರು ಹೇಳಿದರು ಅಂದೆಯಲ್ಲ. ಗ್ರೂಪಿನಲ್ಲೇ ಹೇಳುತ್ತೇನೆ, ಎಲ್ಲರೂ ಕೇಳಲಿ.

ನಾನೂ ಎಡಚನೇ. ನೀನು ಹುಟ್ಟೋ ಹೊತ್ತಿಗೆ ತಿದ್ದಿ ಆಗಿತ್ತು, ಹಾಗಾಗಿ ನಿನಗೆ ಗೊತ್ತಿಲ್ಲ. ಎಂಟನೇ ವರ್ಷಕ್ಕೆ ನನ್ನ ಉಪನಯನ. ಅದಕ್ಕೆ ಮೂರು ತಿಂಗಳು ಮೊದಲಿಂದ ಊಟಕ್ಕೆ ಕೂತಾಗ ಎಡಗೈಯನ್ನು ಹಳೇ ಪಂಚೆಯ ಅಂಚಿನಿಂದ ಸೊಂಟಕ್ಕೆ ಕಟ್ಟುತ್ತಿದ್ದರು. ಬಲಗೈಯಲ್ಲಿ ಎತ್ತಿದ ತುತ್ತು ಬಾಯಿಗೆ ಬರೋ ಮೊದಲೇ ಎಲೆ ಮೇಲೆ ಉದುರುತ್ತಿತ್ತು. ಪಂಕ್ತಿ ಏಳುವಾಗ ನನ್ನದು ಇನ್ನೂ ಮೊದಲಿಗೆ ಬಡಿಸೋ ತಂಬುಳಿ ಅನ್ನ. ಎಷ್ಟೋ ದಿನ ಹಸಿದೇ ಎದ್ದಿದ್ದೇನೆ. ಅಪ್ಪಯ್ಯನಿಗೆ ನನ್ನ ಮೇಲೆ ಸಿಟ್ಟಿರಲಿಲ್ಲ, ಜನ ಏನಂದಾರು ಅನ್ನೋ ಹೆದರಿಕೆ. ಇವತ್ತಿಗೂ ಸೊಸೈಟಿಯಲ್ಲಿ ಅಡಿಕೆ ಹಾಕಿ ಸಹಿ ಮಾಡುವಾಗ ಬಲಗೈ ತಡವರಿಸುತ್ತದೆ. ಅಡಿಕೆ ಸುಲಿಯೋ ಮೆಟ್ಟುಗತ್ತಿ ಮುಂದೆ ಕೂತರೆ ಮಾತ್ರ ಎಡಗೈ ತಾನಾಗಿ ಮುಂದೆ ಬರುತ್ತದೆ.

ಊಟಕ್ಕೆ, ತೀರ್ಥಕ್ಕೆ, ಆಚಮನಕ್ಕೆ ಬಲಗೈ ಕಲಿಸು. ಅದು ನಮ್ಮ ಪದ್ಧತಿ, ನನಗೂ ಇಷ್ಟದ್ದೇ. ಗದರದೆ ಹೇಳಿಕೊಟ್ಟರೆ ನಿಧಾನಕ್ಕೆ ಬರುತ್ತದೆ. ಆದರೆ ಪೆನ್ಸಿಲ್ ಹಿಡಿಯೋ ಕೈಗೆ ಹೋಗಬೇಡಿ. ಉಪನಯನಕ್ಕೂ ಪೆನ್ಸಿಲ್ಲಿಗೂ ಏನು ಸಂಬಂಧ? ಪೂಜೆಯಲ್ಲೇ ನೋಡು, ಆರತಿ ಬಲಗೈಯಲ್ಲಿ, ಗಂಟೆ ಎಡಗೈಯಲ್ಲಿ. ಸಂಧ್ಯಾವಂದನೆಯ ಅರ್ಘ್ಯ ಕೊಡೋದು ಎರಡೂ ಕೈ ಸೇರಿಸಿಯೇ ಅಲ್ವಾ? ಎಡಗೈ ಕೆಟ್ಟದ್ದಾಗಿದ್ದರೆ ದೇವರ ಮುಂದೆ ತರುತ್ತಿದ್ದರಾ?

ಇದು ಹಟ ಅಲ್ಲ, ಕೆಟ್ಟ ಚಾಳಿಯೂ ಅಲ್ಲ. ನೂರು ಜನರಲ್ಲಿ ಸುಮಾರು 10 ಜನ ಎಡಚರೇ. ಹೊಟ್ಟೆಯೊಳಗಿನ ಮಗು ಯಾವ ಕೈಯ ಹೆಬ್ಬೆರಳು ಚೀಪುತ್ತದೆ ಅಂತ ಸ್ಕ್ಯಾನಿಂಗಿನಲ್ಲಿ ನೋಡಿ, ಆ ಮಕ್ಕಳಿಗೆ ಹತ್ತು-ಹನ್ನೆರಡು ವರ್ಷ ಆದಾಗಲೂ ಪರೀಕ್ಷೆ ಮಾಡಿದ್ದಾರೆ. ಹೆಚ್ಚಿನವರು ಅದೇ ಕೈಯವರಾಗಿದ್ದರು. ಸಚಿನ್ ತೆಂಡೂಲ್ಕರ್ ಬ್ಯಾಟ್ ಹಿಡಿದದ್ದು ಬಲಗೈ ಆಟಗಾರನಾಗಿ, ಬರೆಯೋದು ಎಡಗೈಯಲ್ಲಿ. ಇದನ್ನು ಮಾಣಿಗೆ ಹೇಳು, ಖುಷಿಪಡುತ್ತಾನೆ.

ಮೊನ್ನೆಯಿಂದ ಅವನು ಹೋಮ್‌ವರ್ಕ್ ಬಚ್ಚಿಟ್ಟುಕೊಂಡು ಬರೆಯುತ್ತಾನೆ ಅಂದೆಯಲ್ಲ, ಅದನ್ನು ಕೇಳಿ ನನಗೆ ನಿದ್ದೆ ಬರಲಿಲ್ಲ. ಇವತ್ತೇ ಕರೆದು ಜಗಲಿಯಲ್ಲಿ ಎಲ್ಲರ ಎದುರು ಕೂರಿಸಿ ಬರೆಸು.

ಹಿರಿಯರ ಹತ್ತಿರ ನಾನೇ ಮಾತಾಡುತ್ತೇನೆ, ಭಾನುವಾರ ಸಾಗರದಿಂದ ಬೆಳಗಿನ ಬಸ್ಸಿಗೆ ಬರುತ್ತೇನೆ. ಉಪನಯನದ ದಿನ ಮಾಣಿ ಪಕ್ಕದ ಎಲೆ ನನಗೇ ಇರಲಿ. ಅವನ ಊಟ ಮುಗಿಯೋವರೆಗೂ ನಾನು ಏಳುವುದಿಲ್ಲ.