ಅಡಿಕೆ ತೋಟದಲ್ಲಿ ಬ್ಲೂಬೆರಿ ನೆಟ್ಟೆ, ಎಲೆ ಹಳದಿ ಯಾಕೆ?

ಪ್ರಶ್ನೆ (ಬದಿಯಡ್ಕ): ನಮಸ್ಕಾರ ಸಾರ್. ಮಗ ಬೆಂಗಳೂರಿನಿಂದ ಬರುವಾಗ ನಾಲ್ಕು ಬ್ಲೂಬೆರಿ ಗಿಡ, ಎರಡು ಕ್ರ್ಯಾನ್‌ಬೆರಿ ಗಿಡ ತಂದಿದ್ದ. ಬ್ಲೂಬೆರಿಯನ್ನು ಅಡಿಕೆ ಮರಗಳ ನಡುವೆ ನೆಟ್ಟು ಬುಡಕ್ಕೆ ಚೆನ್ನಾಗಿ ಹಟ್ಟಿಗೊಬ್ಬರ ಕೊಟ್ಟೆ. ಎಂಟು ತಿಂಗಳಾಯಿತು, ಹೊಸ ಎಲೆಗಳೆಲ್ಲ ಹಳದಿ, ನರ ಮಾತ್ರ ಹಸಿರು. ಒಂದು ಗಿಡ ಸತ್ತೇ ಹೋಯಿತು. ಕ್ರ್ಯಾನ್‌ಬೆರಿ ಮಾತ್ರ ಮುಳ್ಳು ಬಿಟ್ಟುಕೊಂಡು ಜೋರಾಗಿ ಬೆಳೆಯುತ್ತಿದೆ. ಏನು ಮಾಡಲಿ?

ಉತ್ತರ (ತೋಟಗಾರಿಕೆ ಸಲಹೆಗಾರ): ಮುಳ್ಳಿನ ವಿಷಯಕ್ಕೆ ಆಮೇಲೆ ಬರುತ್ತೇನೆ ಅಣ್ಣ, ಅದು ಬೇರೆಯೇ ಕಥೆ. ಹೊಸ ಎಲೆ ಹಳದಿ, ನರ ಹಸಿರು ಅಂದರೆ ಕಬ್ಬಿಣ ಸಿಗುತ್ತಿಲ್ಲ. ನಮ್ಮ ಮುರಕಲ್ಲಿನ ಕೆಂಪು ಮಣ್ಣಿನಲ್ಲಿ ಕಬ್ಬಿಣಕ್ಕೇನು ಬರ, ಆದರೆ ಮಣ್ಣು ಹುಳಿಯಾಗಿರದಿದ್ದರೆ ಬ್ಲೂಬೆರಿ ಅದನ್ನು ಎಳೆದುಕೊಳ್ಳಲಾರದು. ಮಣ್ಣಿನ ಹುಳಿ ಅಳೆಯುವ ಪಿಎಚ್ ಅದಕ್ಕೆ 4.5ರಿಂದ 5.5ರ ಒಳಗೇ ಬೇಕು. ತೋಟಕ್ಕೆ ಸುಣ್ಣ ಹಾಕುತ್ತೀರಾ?

ಪ್ರಶ್ನೆ: ಹಾಕದೆ ಇರುತ್ತೇವಾ ಸಾರ್! ಸುಣ್ಣ ಕೊಡುತ್ತೇವೆ, ಆಗಾಗ ಒಲೆಯ ಬೂದಿಯೂ ಹೋಗುತ್ತದೆ. ಮಳೆಗಾಲದಲ್ಲಿ ಕೊಳೆರೋಗಕ್ಕೆ ಎರಡು ಸಲ ಬೋರ್ಡೋ ದ್ರಾವಣ ಹೊಡೆಯುತ್ತೇವೆ.

ಉತ್ತರ: ಅಲ್ಲೇ ಸಿಕ್ಕಿಬಿತ್ತು. ಅಡಿಕೆಗೆ ಸುಣ್ಣ ಬೇಕು, ಅದನ್ನು ನಿಲ್ಲಿಸಿ ಅಂತ ನಾನು ಹೇಳುವುದಿಲ್ಲ. ಆದರೆ ಬೋರ್ಡೋದಲ್ಲೂ ಇರುವುದು ಮೈಲುತುತ್ತು ಮತ್ತು ಸುಣ್ಣವೇ, ಅಡಿಕೆ ಗೊನೆಗೆ ಹೊಡೆದದ್ದು ಕೆಳಗಿನ ಗಿಡದ ಮೇಲೂ ತೊಟ್ಟಿಕ್ಕುತ್ತದೆ. ಹಟ್ಟಿಗೊಬ್ಬರದಲ್ಲಿ ಉಪ್ಪಿನಂಶ ಜಾಸ್ತಿ, ಅದೂ ಇದಕ್ಕೆ ಆಗಿಬರುವುದಿಲ್ಲ. ಬ್ಲೂಬೆರಿಯ ಬೇರು ಕೂದಲಿನಷ್ಟು ಸಪೂರ, ಮೇಲ್ಮಣ್ಣಿನಲ್ಲೇ ಹರಡುತ್ತದೆ, ಬೇರೆ ಗಿಡಗಳಿಗಿರುವ ಬೇರುರೋಮ ಅದಕ್ಕಿಲ್ಲ. ಹಾಗಾಗಿ ಅಡಿಕೆಯ ಬೇರಿನ ಜೊತೆ ಪೈಪೋಟಿಗೆ ಬಿಟ್ಟರೆ ಸೋಲುವುದು ಇದೇ.

ಉಳಿದ ಮೂರನ್ನು ಕಿತ್ತು, ಮಣ್ಣು ಮೆಲ್ಲನೆ ಉದುರಿಸಿ, 30 ಲೀಟರ್‌ನ ಗ್ರೋಬ್ಯಾಗಿಗೆ ಹಾಕಿ. ಚೆನ್ನಾಗಿ ತೊಳೆದ ತೆಂಗಿನ ನಾರಿನ ಪುಡಿ ಮುಕ್ಕಾಲು ಪಾಲು, ಉಳಿದದ್ದು ಉಮಿ, ಜೊತೆಗೆ ಸ್ವಲ್ಪ ಗಂಧಕದ ಪುಡಿ. ಗಂಧಕ ಕೆಲಸ ಮಾಡಲು ತಿಂಗಳುಗಟ್ಟಲೆ ಬೇಕು, ನಾಳೆಯೇ ಎಲೆ ಹಸಿರಾಗಲಿ ಅಂತ ಮುಷ್ಟಿಗಟ್ಟಲೆ ಸುರಿಯಬೇಡಿ. ತಿಂಗಳಿಗೊಮ್ಮೆ ಒಂದು ಚಮಚ ಅಮೋನಿಯಂ ಸಲ್ಫೇಟನ್ನು ನೀರಿನಲ್ಲಿ ಕರಗಿಸಿ ಕೊಡಿ. ಅಂಗಡಿಯಲ್ಲಿ ಸಿಗುವ ಕೆಂಪು ಪೊಟಾಷ್ ಬೇಡವೇ ಬೇಡ, ಅದರಲ್ಲಿರುವ ಕ್ಲೋರೈಡ್ ಇದಕ್ಕೆ ಆಗದು. ಬುಡಕ್ಕೆ ತರಗೆಲೆ ಮುಚ್ಚಿ. ಬಾವಿ ನೀರಿನ ಪಿಎಚ್ ಒಮ್ಮೆ ನೋಡಿಸಿ, ಮಳೆನೀರು ಹಿಡಿದಿಟ್ಟರೆ ಇನ್ನೂ ಒಳ್ಳೆಯದು.

ಇನ್ನೊಬ್ಬರು (ಕುಂಬಳೆ): ನಾನೊಂದು ಎಕರೆ ಹಾಕೋಣ ಅಂತಿದ್ದೇನೆ. ಕಿಲೋಗೆ ಒಳ್ಳೆ ರೇಟು ಇದೆಯಲ್ಲ?

ಉತ್ತರ: ರೇಟು ಇದೆ ಅಕ್ಕ, ಚಳಿ ಎಲ್ಲಿದೆ? ಬ್ಲೂಬೆರಿಗೆ 7 ಡಿಗ್ರಿಗಿಂತ ಕೆಳಗಿನ ಚಳಿಯನ್ನು ಗಂಟೆ ಲೆಕ್ಕದಲ್ಲಿ ಕೊಡಬೇಕು. ಅಮೆರಿಕದ ಉತ್ತರದ ತಳಿಗಳಿಗೆ ಸುಮಾರು 800ರಿಂದ 1000 ಗಂಟೆ ಬೇಕು, ನಮ್ಮ ಕುಂಬಳೆಯಲ್ಲಿ ಧನುರ್ಮಾಸದ ಬೆಳಗಿನಲ್ಲೂ ಒಂದು ಗಂಟೆ ಸಿಗುವುದಿಲ್ಲ. ಬಿಲಾಕ್ಸಿ, ಮಿಸ್ಟಿ ತರದ ಕಡಿಮೆ ಚಳಿಯ ತಳಿಗಳಿವೆ. ಬಿಲಾಕ್ಸಿಯನ್ನು ಪೆರು ದೇಶದ ಕರಾವಳಿಯಲ್ಲಿ ಹೆಚ್ಚುಕಡಿಮೆ ಚಳಿಯೇ ಇಲ್ಲದೆ ಬೆಳೆದು ರಫ್ತು ಮಾಡುತ್ತಾರೆ, ನಿಮಗೆ ಗಿಡ ಮಾರುವವರು ಅದನ್ನೇ ತೋರಿಸಿರಬೇಕು. ಆದರೆ ಅದು ಮರಳುಗಾಡು. ಮಳೆಯಿಲ್ಲ, ಹನಿ ನೀರಾವರಿಯಲ್ಲಿ ಅಳೆದು ಕೊಡುತ್ತಾರೆ. ನಮ್ಮಲ್ಲಿ ಆಟಿ ತಿಂಗಳ ಮಳೆಗೆ ಬೇರು ಕೊಳೆಯುತ್ತದೆ. ಕಾಳುಮೆಣಸಿನ ಸೊರಗುರೋಗ ನೋಡಿದ್ದೀರಲ್ಲ, ಅದನ್ನು ತರುವ ಫೈಟಾಫ್ತರಾ ಗುಂಪಿನ, ಶಿಲೀಂಧ್ರದಂಥ ರೋಗಾಣು ಇದಕ್ಕೂ ಬರುತ್ತದೆ.

ಆಸೆಯಿದ್ದರೆ ಐದು ಗಿಡ ಚಟ್ಟಿಯಲ್ಲಿ ಬೆಳೆಸಿ. ಅಡಿಕೆ ಒಣಗಿಸುವ ಪ್ಲಾಸ್ಟಿಕ್ ಚಪ್ಪರ ಮಳೆಗಾಲದಲ್ಲಿ ಹೇಗೂ ಖಾಲಿ, ಅದರಡಿ ಇಟ್ಟು ಪಕ್ಕದ ಹಾಳೆ ಬಿಚ್ಚಿಡಿ, ಇಲ್ಲದಿದ್ದರೆ ಬಿಸಿಲು ಬಂದ ದಿನ ಒಳಗೆ ಬೆಂದುಹೋಗುತ್ತವೆ. ಎರಡು ತಳಿ ಜೊತೆಗಿದ್ದರೆ ಕಾಯಿ ಚೆನ್ನಾಗಿ ಕಟ್ಟುತ್ತದೆ. ಮೂರನೇ ವರ್ಷದವರೆಗೆ ಕಾದು ನೋಡಿ, ಆಮೇಲೆ ಎಕರೆ ಮಾತು. ಆನ್‌ಲೈನಿನಲ್ಲಿ ಬೀಜದ ಪ್ಯಾಕೆಟ್ ಮಾತ್ರ ತಗೊಳ್ಳಬೇಡಿ, ಬೀಜದಿಂದ ಬಂದ ಗಿಡ ತಾಯಿಯ ತಳಿಯಂತೆ ಇರುವುದಿಲ್ಲ.

ನೀಲಗಿರಿಯ ಶೋಲಾ ಕಾಡಿನಲ್ಲಿ ಬ್ಲೂಬೆರಿಯ ದಾಯಾದಿ ಮರವೊಂದು ತಾನಾಗಿ ಬೆಳೆಯುತ್ತದೆ, ವ್ಯಾಕ್ಸೀನಿಯಂ ಲೆಶನಾಲ್ಟಿಯೈ ಅಂತ. ಎತ್ತರ, ತಂಪು, ಹುಳಿ ಮಣ್ಣು ಮೂರೂ ಅಲ್ಲಿದೆ. ನಮ್ಮಲ್ಲಿ ಮೊದಲ ಎರಡು ಇಲ್ಲ.

ಈಗ ಬದಿಯಡ್ಕದ ಅಣ್ಣನ ಮುಳ್ಳಿನ ವಿಷಯ. ಕ್ರ್ಯಾನ್‌ಬೆರಿಗೆ ಮುಳ್ಳಿಲ್ಲ. ಅದು ನೆಲದಲ್ಲಿ ಹರಿಯುವ ಸಣ್ಣ ಬಳ್ಳಿ, ಸಾವಿರ ಗಂಟೆಗೂ ಮಿಕ್ಕಿ ಚಳಿ ಕೇಳುತ್ತದೆ. ವಿಡಿಯೋಗಳಲ್ಲಿ ನೀರಿನ ಮೇಲೆ ಕೆಂಪು ಹಣ್ಣು ತೇಲುವುದು ನೋಡಿ ಕೆರೆಯಲ್ಲಿ ಬೆಳೆಯುತ್ತದೆ ಅಂದುಕೊಳ್ಳುತ್ತಾರೆ. ಹಾಗಲ್ಲ, ಕೊಯ್ಲಿನ ಹೊತ್ತಿಗೆ ಗದ್ದೆಗೆ ನೀರು ಬಿಡುತ್ತಾರೆ, ಹಣ್ಣಿನೊಳಗೆ ಗಾಳಿಯ ಕೋಣೆಗಳಿರುವುದರಿಂದ ಅದು ತೇಲುತ್ತದೆ. ನಿಮ್ಮ ಗಿಡದ ಒಂದು ಎಲೆ ಕಿತ್ತು ನೋಡಿ, ಬಿಳಿ ಹಾಲು ಬರುತ್ತದಾ?

ಪ್ರಶ್ನೆ: ಬಂತು ಸಾರ್, ಕೈಯೆಲ್ಲ ಅಂಟು. ಅಮ್ಮ ಬಂದು ನೋಡಿ, ಇದು ಕರಂಡೆಯಲ್ಲವಾ, ಗುಡ್ಡೆಯಲ್ಲಿ ಇರುವುದನ್ನು ಬೆಂಗಳೂರಿನಿಂದ ದುಡ್ಡು ಕೊಟ್ಟು ತಂದಿರಾ ಅಂತ ನಗುತ್ತಿದ್ದಾರೆ.

ಉತ್ತರ: ಅಮ್ಮ ಹೇಳಿದ್ದು ಸರಿ. ನರ್ಸರಿಯಲ್ಲಿ ಇದಕ್ಕೇ ಇಂಡಿಯನ್ ಕ್ರ್ಯಾನ್‌ಬೆರಿ ಅಂತ ಚೀಟಿ ಅಂಟಿಸಿರುತ್ತಾರೆ, ಎರಡಕ್ಕೂ ಸಂಬಂಧವೇ ಇಲ್ಲ. ಬೇಕರಿ ಕೇಕಿನ ಮೇಲೆ ಚೆರಿ ಅಂತ ಕೂರುವುದೂ ಎಷ್ಟೋ ಸಲ ಸಕ್ಕರೆ ಪಾಕದಲ್ಲಿ ಬಣ್ಣ ಹಾಕಿದ ಈ ಕರಂಡೆಯೇ. ಅದಕ್ಕೆ ಗ್ರೋಬ್ಯಾಗೂ ಬೇಡ, ಗಂಧಕವೂ ಬೇಡ. ಬೇಲಿಗೆ ನೆಟ್ಟುಬಿಡಿ, ದನ ನುಗ್ಗುವುದೂ ನಿಲ್ಲುತ್ತದೆ, ಉಪ್ಪಿನಕಾಯಿಗೆ ಕಾಯಿಯೂ ಆಗುತ್ತದೆ.