ಮೊರೊಕ್ಕೊದಲ್ಲಿ ಹುಟ್ಟಿದ ಮಿಡ್‌ಫೀಲ್ಡರ್, ಫ್ರಾನ್ಸಿನ ಕೆಳ ಹಂತದ ಲೀಗುಗಳು: ಈ ಪಟ್ಟಿಯನ್ನು ಓದುವುದು ಹೇಗೆ?

ಅಂಚಿನಸಾಲು ಕೇಳಿದ್ದು:

ಮೊರೊಕ್ಕೊದ ಫುಟ್‌ಬಾಲ್ ಆಟಗಾರ ಅಝೆದ್ದೀನ್ ಉನಾಹಿ ಯಾವ ವರ್ಷ ಯಾವ ಕ್ಲಬ್ಬಿನಲ್ಲಿ ಆಡಿದ ಎಂಬ ಪಟ್ಟಿ ನೋಡುತ್ತಿದ್ದೇನೆ. 2000ದ ಏಪ್ರಿಲ್‌ನಲ್ಲಿ ಕಾಸಾಬ್ಲಾಂಕಾದಲ್ಲಿ ಹುಟ್ಟಿದ್ದು, ಸಲೆಯ ಮೊಹಮ್ಮದ್ 6 ಅಕಾಡೆಮಿಯಲ್ಲಿ ಕಲಿತದ್ದು. 2018ರಲ್ಲಿ ಫ್ರಾನ್ಸಿನ ಸ್ಟ್ರಾಸ್‌ಬರ್ಗ್ ಕ್ಲಬ್ಬಿಗೆ ಬಂದು ಎರಡು ವರ್ಷ ಬರೀ ರಿಸರ್ವ್ (ಎರಡನೇ) ತಂಡ. 2020-21ರಲ್ಲಿ ಮೂರನೇ ಹಂತದ ಅವ್ರಾಂಶ್. 2021ರ ಬೇಸಿಗೆಯಲ್ಲಿ ಮೊದಲ ಹಂತವಾದ ಲೀಗ್ 1ರ ಆಂಜೆ. 2022ರ ಡಿಸೆಂಬರ್ ಹೊತ್ತಿಗೆ ಮೊರೊಕ್ಕೊ ಪರ ವಿಶ್ವಕಪ್ ಸೆಮಿಫೈನಲ್!

ನನಗೆ ಅರ್ಥವಾಗದೇ ಇರುವುದು ನಡುವಿನ ಭಾಗ. ಹೆಸರಾಂತ ಕ್ಲಬ್ಬಿನಲ್ಲಿ ಎರಡು ವರ್ಷ ಇದ್ದರೂ ಸಿಗದ ಅವಕಾಶ ಪುಟ್ಟ ಊರಿನ ಕ್ಲಬ್ಬಿನಲ್ಲಿ ಒಂದೇ ವರ್ಷದಲ್ಲಿ ಹೇಗೆ ಸಿಕ್ಕಿತು? ಇಂಥ ಬೇರೆ ಆಟಗಾರರ ಪಟ್ಟಿ ತೆಗೆದರೂ ಅಷ್ಟೇ: ಸಿಎಫ್‌ಎ, ನ್ಯಾಷನಲ್ 2, ಡಿಎಚ್ ಅಂತ ಹೆಸರುಗಳ ಗೋಜಲು, ವರ್ಷಕ್ಕೊಂದು ಕ್ಲಬ್. ವಿದೇಶಿ ಆಟಗಾರರ ಮಿತಿ ಮೊರೊಕ್ಕೊದವರಿಗೂ ಅಡ್ಡ ಬರುತ್ತದಾ ಅನ್ನುವುದೂ ತಿಳಿಯುತ್ತಿಲ್ಲ. ಬಲ್ಲವರು ಸ್ವಲ್ಪ ಬಿಡಿಸಿ ಹೇಳಿ.

ಮೂರನೇಹಂತ ಉತ್ತರಿಸಿದ್ದು:

ಹೆಸರುಗಳಿಂದಲೇ ಶುರು ಮಾಡೋಣ. ಅದು ಸರಿಯಾಗದೆ ಉಳಿದದ್ದು ಸರಿಯಾಗುವುದಿಲ್ಲ.

ಉನಾಹಿ ಬಂದ ಕಾಲದ ಲೆಕ್ಕ ಹೀಗಿತ್ತು. ಲೀಗ್ 1, ಲೀಗ್ 2 ಎರಡನ್ನೂ ನಡೆಸುವುದು ವೃತ್ತಿಪರ ಲೀಗ್ ಸಂಸ್ಥೆಯಾದ ಎಲ್‌ಎಫ್‌ಪಿ. ಮೂರನೇ ಹಂತ ನ್ಯಾಷನಲ್, ನಾಲ್ಕು ನ್ಯಾಷನಲ್ 2, ಐದು ನ್ಯಾಷನಲ್ 3. ಈ ಮೂರೂ ಫ್ರೆಂಚ್ ಫುಟ್‌ಬಾಲ್ ಫೆಡರೇಷನ್ನಿನ ಕೈಯಲ್ಲಿ. ಅದರ ಕೆಳಗೆ ರೀಜನಲ್ 1, 2, 3, ಆಮೇಲೆ ಜಿಲ್ಲಾ ಮಟ್ಟ. ಹೆಸರು ಒಂದೇ ಥರ ಇರುವುದರಿಂದ ನ್ಯಾಷನಲ್ 2 ಅಂದರೆ ಎರಡನೇ ಹಂತ ಅಂದುಕೊಳ್ಳುವವರು ಬಹಳ. ಅದು ನಾಲ್ಕನೆಯದು.

2017ರಲ್ಲಿ ಹೆಸರು ಬದಲಾಯಿತು. ಅದಕ್ಕೂ ಮೊದಲು ನಾಲ್ಕನೇ ಹಂತ ಸಿಎಫ್‌ಎ, ಐದನೆಯದು ಸಿಎಫ್‌ಎ 2, ಆರನೆಯದು ಡಿಎಚ್. ಹಾಗಾಗಿ ಒಬ್ಬ ಆಟಗಾರ 2016ರಲ್ಲಿ ಸಿಎಫ್‌ಎ, 2018ರಲ್ಲಿ ನ್ಯಾಷನಲ್ 2 ಅಂತಿದ್ದರೆ ಮೇಲೂ ಹೋಗಿಲ್ಲ, ಕೆಳಗೂ ಬಂದಿಲ್ಲ, ಇದ್ದಲ್ಲೇ ಇದ್ದಾನೆ. 1993ಕ್ಕಿಂತ ಹಿಂದಿನ ಆಟಗಾರರಾದರೆ ಮೂರನೇ ಹಂತದ ಹೆಸರೇ ಡಿವಿಷನ್ 3. ಪಟ್ಟಿ ಮಾಡುವಾಗ ಹೆಸರಿನ ಪಕ್ಕ ಹಂತದ ಸಂಖ್ಯೆಯನ್ನೂ ಬರೆದಿಟ್ಟುಕೊಳ್ಳಿ, ಅರ್ಧ ಗೊಂದಲ ಅಲ್ಲೇ ಹೋಗುತ್ತದೆ.

ಇನ್ನು ಸ್ಟ್ರಾಸ್‌ಬರ್ಗ್ ಹೆಸರಿನ ಪಕ್ಕದ ‘ಬಿ’ ಅಥವಾ ‘2’. ಅದು ರಿಸರ್ವ್ ತಂಡ, ಆಡುತ್ತಿದ್ದದ್ದು ನ್ಯಾಷನಲ್ 3ರಲ್ಲಿ. ವೃತ್ತಿಪರ ಕ್ಲಬ್ಬಿನ ರಿಸರ್ವ್ ತಂಡ ಎಷ್ಟೇ ಗೆದ್ದರೂ ನ್ಯಾಷನಲ್‌ಗೆ ಏರುವಂತಿಲ್ಲ. ಎದುರಾಳಿಗಳು ಬೇರೆ ಕ್ಲಬ್ಬುಗಳ ರಿಸರ್ವ್ ಹುಡುಗರು, ಇಲ್ಲವೇ ಸಣ್ಣ ಊರುಗಳ ಮುಖ್ಯ ತಂಡಗಳು. ಇಲ್ಲಿ ಇನ್ನೊಂದು ತೊಡಕಿದೆ, ಅದನ್ನು ಯಾವ ಪಟ್ಟಿಯೂ ಹೇಳುವುದಿಲ್ಲ. ಗಾಯದಿಂದ ಎದ್ದ ಅಥವಾ ಮುಖ್ಯ ತಂಡದಲ್ಲಿ ಜಾಗ ಸಿಗದ ಹಿರಿಯ ಮಿಡ್‌ಫೀಲ್ಡರ್‌ಗೆ ಆಟದ ಅಭ್ಯಾಸ ಬೇಕಾದಾಗ ಅವನನ್ನು ವಾರಾಂತ್ಯಕ್ಕೆ ಕೆಳಗೆ ಕಳಿಸುತ್ತಾರೆ. ಆಗ ಹುಡುಗ ಪಕ್ಕಕ್ಕೆ ಸರಿಯುತ್ತಾನೆ, ಅಥವಾ ತನ್ನದಲ್ಲದ ಜಾಗದಲ್ಲಿ ಆಡುತ್ತಾನೆ. ರಿಸರ್ವ್ ಸಾಲಿನಲ್ಲಿ ಪಂದ್ಯಗಳ ಸಂಖ್ಯೆ ಕಡಿಮೆ ಕಂಡ ಮಾತ್ರಕ್ಕೆ ಆಟಗಾರ ಸಪ್ಪೆ ಎಂದು ತೀರ್ಮಾನಿಸುವುದು ತಪ್ಪು.

ಎಂಟನೇಅಂಗಿ ಉತ್ತರಿಸಿದ್ದು:

ಮೇಲಿನವರು ಹೇಳಿದ್ದಕ್ಕೆ ಒಂದು ಮಾತು ಸೇರಿಸಲೇಬೇಕು. ಉನಾಹಿಯ ವಿಷಯದಲ್ಲಿ ಎಲ್ಲಕ್ಕಿಂತ ದೊಡ್ಡ ಸಂಗತಿ ಆ ವರ್ಷದ ಕ್ಯಾಲೆಂಡರ್ ಎಂಬುದು ನನ್ನ ಖಚಿತ ಅಭಿಪ್ರಾಯ.

2019-20ರ ಲೀಗುಗಳು ಕೋವಿಡ್‌ನಿಂದಾಗಿ ಮಾರ್ಚ್‌ನಲ್ಲೇ ನಿಂತವು, ಮತ್ತೆ ಶುರುವಾಗಲಿಲ್ಲ. 2020ರ ಅಕ್ಟೋಬರ್ ಕೊನೆಗೆ ಫ್ರಾನ್ಸ್ ಮತ್ತೆ ಬಾಗಿಲು ಹಾಕಿತು. ನ್ಯಾಷನಲ್ 2, ನ್ಯಾಷನಲ್ 3 ಮತ್ತು ಅದರ ಕೆಳಗಿನದೆಲ್ಲ ಅಲ್ಲಿಗೇ ನಿಂತು, 2021ರ ಮಾರ್ಚ್‌ನಲ್ಲಿ ಇಡೀ ಸೀಸನ್ನನ್ನೇ ರದ್ದೆಂದು ಘೋಷಿಸಿದರು. ಬಡ್ತಿಯೂ ಇಲ್ಲ, ಹಿಂಬಡ್ತಿಯೂ ಇಲ್ಲ. ಫೆಡರೇಷನ್ ನಡೆಸುವ ಪುರುಷರ ಲೀಗುಗಳಲ್ಲಿ ಕೊನೆಯವರೆಗೂ ನಡೆದದ್ದು ನ್ಯಾಷನಲ್ ಮಾತ್ರ: 18 ತಂಡ, 34 ಸುತ್ತು. ಬಾಸ್ಟಿಯಾ ಚಾಂಪಿಯನ್ ಆಗಿ ಲೀಗ್ 2ಕ್ಕೆ ಏರಿತು.

ಈಗ ಪಟ್ಟಿಯನ್ನು ಮತ್ತೆ ನೋಡಿ. ಇಪ್ಪತ್ತರ ಹುಡುಗ. ರಿಸರ್ವ್ ತಂಡದಲ್ಲೇ ಇನ್ನೊಂದು ವರ್ಷ ಕಳೆದಿದ್ದರೆ ಅಕ್ಟೋಬರ್ ಆದ ಮೇಲೆ ಅವನಿಗೆ ಲೀಗ್ ಪಂದ್ಯವೇ ಇರುತ್ತಿರಲಿಲ್ಲ. ಅವ್ರಾಂಶ್‌ಗೆ ಹೋದದ್ದರಿಂದ ಮೇ ತಿಂಗಳವರೆಗೂ ವಯಸ್ಕರ ಎದುರು ಆಡಿದ. ಬೇರೆ ಸಾವಿರಾರು ಆಟಗಾರರು ಮನೆಯಲ್ಲಿದ್ದ ವರ್ಷ ಅದು. ಲೀಗ್ 1ರ ಕ್ಲಬ್ಬುಗಳ ಆಟಗಾರ ಶೋಧಕರು ಕೆಳ ಹಂತದಲ್ಲಿ ಯಾರನ್ನಾದರೂ ನೋಡಬೇಕೆಂದರೆ ನ್ಯಾಷನಲ್ಲನ್ನೇ ನೋಡಬೇಕಿತ್ತು.

ಆಟದ ಬಗ್ಗೆ ಹೇಳುವುದಾದರೆ, ನ್ಯಾಷನಲ್‌ನಲ್ಲಿ ಮಧ್ಯಭಾಗ ಇಕ್ಕಟ್ಟು. ಡಿಫೆಂಡರ್‌ಗಳು ಉದ್ದಕ್ಕೆ ಒದ್ದು, ಚಿಮ್ಮಿ ಬೀಳುವ ಚೆಂಡಿಗಾಗಿ ನಾಲ್ಕೈದು ಜನ ಒಮ್ಮೆಗೇ ಮೇಲೆ ಬೀಳುವ ಆಟ. ಅಲ್ಲಿ ಸಣಕಲು ಮೈಯ ಮಿಡ್‌ಫೀಲ್ಡರ್ ಚೆಂಡು ನಿಲ್ಲಿಸಿ ಆಮೇಲೆ ಯೋಚಿಸುತ್ತೇನೆ ಅಂದರೆ ಮುಗಿಯಿತು. ಉನಾಹಿ ಮಾಡುವುದನ್ನು ನಿಧಾನಕ್ಕೆ ಹಾಕಿ ನೋಡಿ: ಪಾಸ್ ಬರುವ ಮೊದಲೇ ಭುಜದ ಮೇಲಿಂದ ಹಿಂದೆ ಕಣ್ಣು ಹಾಯಿಸುತ್ತಾನೆ, ಚೆಂಡನ್ನು ತಡೆಯದೆ ಮೈ ದಾಟಿ ಹರಿಯಲು ಬಿಡುತ್ತಾನೆ, ಹಿಂದೆ ಒತ್ತಿಕೊಂಡು ಬಂದವನು ಖಾಲಿ ಜಾಗಕ್ಕೆ ಕಾಲು ಹಾಕುವಷ್ಟರಲ್ಲಿ ಇವನು ತಿರುಗಿ ಎರಡು ಹೆಜ್ಜೆ ಮುಂದೆ. ಆಮೇಲೆ ಚೆಂಡನ್ನು ಕಾಲಲ್ಲೇ ಇಟ್ಟುಕೊಂಡು ಮೂವತ್ತು ಗಜ ಓಟ. ವಿಶ್ವಕಪ್‌ನಲ್ಲಿ ಸ್ಪೇನ್ ಎದುರು ಕಂಡದ್ದೂ ಇದೇ. 2022ರ ಡಿಸೆಂಬರ್ 6ರ ಆ ಪಂದ್ಯದ ನಂತರ ಸ್ಪೇನ್ ಕೋಚ್ ಲೂಯಿಸ್ ಎನ್ರಿಕೆ ಎದುರಾಳಿ ತಂಡದ ಎಂಟನೇ ನಂಬರಿನ ಆಟಗಾರನನ್ನು, ಅಂದರೆ ಉನಾಹಿಯನ್ನು, ವಿಶೇಷವಾಗಿ ಹೊಗಳಿದ್ದು ಇದಕ್ಕೇ.

ವೇಗವನ್ನೂ ಗಮನಿಸಿ. 2021ರ ಆಗಸ್ಟ್ 15ರಂದು ಲಿಯೋನ್ ವಿರುದ್ಧ ಆಂಜೆ 3-0ಯಿಂದ ಗೆದ್ದ ಪಂದ್ಯದಲ್ಲಿ ಬದಲಿಯಾಗಿ ಇಳಿದು ಗೋಲು ಹೊಡೆದ. 2022ರ ಜನವರಿಯಲ್ಲಿ ಕ್ಯಾಮರೂನ್‌ನಲ್ಲಿ ಆಫ್ರಿಕಾ ಕಪ್. ಅದೇ ಮಾರ್ಚ್ 29ರಂದು ಕಾಸಾಬ್ಲಾಂಕಾದಲ್ಲಿ ಕಾಂಗೊ ಪ್ರಜಾಸತ್ತಾತ್ಮಕ ಗಣರಾಜ್ಯದ ವಿರುದ್ಧ 4-1 ಗೆಲುವಿನಲ್ಲಿ ಎರಡು ಗೋಲು, ಮೊರೊಕ್ಕೊಗೆ ವಿಶ್ವಕಪ್ ಟಿಕೆಟ್. ನ್ಯಾಷನಲ್‌ನ ಕೊನೆಯ ಪಂದ್ಯಕ್ಕೂ ಇದಕ್ಕೂ ಒಂದು ವರ್ಷವೂ ಆಗಿರಲಿಲ್ಲ.

ಜೂನ್30 ಉತ್ತರಿಸಿದ್ದು:

ಕಾಗದ ಪತ್ರದ ಭಾಗ ನಾನು ಹೇಳುತ್ತೇನೆ.

2018ರಲ್ಲೇ ಯಾಕೆ ಬಂದ? ಹದಿನೆಂಟು ತುಂಬದವರ ಅಂತರರಾಷ್ಟ್ರೀಯ ವರ್ಗಾವಣೆಯನ್ನು ಫಿಫಾ ನಿಯಮಗಳ 19ನೇ ವಿಧಿ ತಡೆಯುತ್ತದೆ. ಹದಿನಾರಕ್ಕೇ ಹೋಗಬಹುದೆಂಬ ವಿನಾಯಿತಿ ಇರುವುದು ಯುರೋಪ್ ಒಕ್ಕೂಟದ ಒಳಗಿನವರಿಗೆ. ಮೊರೊಕ್ಕೊದ ಅಕಾಡೆಮಿ ಹುಡುಗ ಕಾಯಲೇಬೇಕು. ಏಪ್ರಿಲ್‌ನಲ್ಲಿ ಹದಿನೆಂಟು ತುಂಬಿತು, ಅದೇ ಬೇಸಿಗೆಯಲ್ಲಿ ಹೊರಟ. ಇದರ ಪರಿಣಾಮವೂ ಇದೆ: ಅದೇ ವಯಸ್ಸಿನ ಫ್ರೆಂಚ್ ಹುಡುಗ ಅಷ್ಟು ಹೊತ್ತಿಗೆ ಆ ಕ್ಲಬ್ಬಿನ ತರಬೇತಿ ಕೇಂದ್ರದಲ್ಲಿ ಮೂರು ವರ್ಷ ಕಳೆದಿರುತ್ತಾನೆ, ಕೋಚ್‌ಗಳಿಗೆ ಅವನ ಆಟ ಗೊತ್ತಿರುತ್ತದೆ. ಇವನು ಹೊಸಬ.

ವಿದೇಶಿ ಮಿತಿ ಮೊರೊಕ್ಕೊದವರಿಗೆ ಅಡ್ಡ ಬರುವುದಿಲ್ಲ. ಲೀಗ್ 1ರಲ್ಲಿ ಯುರೋಪ್ ಒಕ್ಕೂಟದ ಹೊರಗಿನವರಿಗೆ ನಾಲ್ಕು ಜಾಗ ಅನ್ನುವ ಮಿತಿ ಇದೆ. ಆದರೆ ಲಿಲಿಯಾ ಮಲಾಯಾ ಎಂಬ ಪೋಲಿಷ್ ಬ್ಯಾಸ್ಕೆಟ್‌ಬಾಲ್ ಆಟಗಾರ್ತಿಯ ಪ್ರಕರಣದಲ್ಲಿ ಫ್ರಾನ್ಸಿನ ಅತ್ಯುನ್ನತ ಆಡಳಿತ ನ್ಯಾಯಾಲಯ 2002ರ ಡಿಸೆಂಬರ್ 30ರಂದು ಕೊಟ್ಟ ತೀರ್ಪಿನ ಮೇಲೆ, ಯುರೋಪ್ ಒಕ್ಕೂಟದ ಜೊತೆ ತಾರತಮ್ಯ ನಿಷೇಧದ ಒಪ್ಪಂದ ಇರುವ ದೇಶಗಳ ಆಟಗಾರರನ್ನು ಮಿತಿಯಲ್ಲಿ ಎಣಿಸುವಂತಿಲ್ಲ. ಮೊರೊಕ್ಕೊಗೆ ಅಂಥ ಒಪ್ಪಂದ 2000ದ ಮಾರ್ಚ್‌ನಿಂದ ಜಾರಿಯಲ್ಲಿದೆ.

ಇಲ್ಲಿ ಬಹಳ ಜನ ಎಡವುತ್ತಾರೆ. ಮಿತಿಯಿಂದ ಹೊರಗಿರುವುದು ಬೇರೆ, ವಾಸ ಮತ್ತು ಕೆಲಸದ ಪರವಾನಗಿ ಬೇರೆ. ಯುರೋಪ್ ಒಕ್ಕೂಟದ ಯಾವ ದೇಶದ ಪೌರತ್ವವೂ ಇಲ್ಲದವನಿಗೆ ಎರಡನೆಯದು ಬೇಕೇ ಬೇಕು, ಅದಕ್ಕೆ ಸಂಬಳದ ಒಪ್ಪಂದ ಆಧಾರ. ಹವ್ಯಾಸಿ ಆಟಗಾರನ ಲೈಸೆನ್ಸ್ ಕೈಯಲ್ಲಿದ್ದರೆ ಮೈದಾನಕ್ಕೆ ಇಳಿಯಬಹುದೇ ಹೊರತು ದೇಶದಲ್ಲಿ ದುಡಿಯುವ ಹಕ್ಕು ಬರುವುದಿಲ್ಲ. ಐದನೇ ಹಂತಕ್ಕೆ ಒಪ್ಪಂದವಿಲ್ಲದೆ ಇಳಿಯುವುದು ಊರಿನಿಂದ ನೇರ ಬಂದವನಿಗೆ ಹೆಚ್ಚು ಅಪಾಯ, ಅಲ್ಲೇ ಬೆಳೆದವನಿಗೆ ಅಷ್ಟಿಲ್ಲ.

ವರ್ಷಕ್ಕೊಂದು ಕ್ಲಬ್ ಯಾಕೆ ಅಂದಿರಿ. ನ್ಯಾಷನಲ್ ಮತ್ತು ಕೆಳಗೆ ಸಾಮಾನ್ಯವಾಗಿ ಇರುವುದು ಫೆಡರೇಷನ್ ಅನುಮೋದಿಸುವ ‘ಫೆಡರಲ್ ಒಪ್ಪಂದ’. ಬಹುತೇಕ ಒಂದೋ ಎರಡೋ ಸೀಸನ್‌ಗೆ, ಮುಗಿಯುವುದು ಜೂನ್ 30ಕ್ಕೆ. ಕ್ಲಬ್ ಮುಂದಿನ ವರ್ಷ ಯಾವ ಹಂತದಲ್ಲಿರುತ್ತದೆ ಎಂಬುದೇ ಮೇ ಕೊನೆಯವರೆಗೆ ತಿಳಿಯದಿದ್ದರೆ ಉದ್ದದ ಒಪ್ಪಂದ ಯಾರು ಬರೆಯುತ್ತಾರೆ? ತಿಳಿದ ಮೇಲೂ ಲೆಕ್ಕಪತ್ರ ನೋಡುವ ಡಿಎನ್‌ಸಿಜಿ ಇದೆ. ಹಣ ಸಾಲದು ಎನಿಸಿದರೆ ಅದು ಸಂಬಳದ ಒಟ್ಟು ಮೊತ್ತಕ್ಕೆ ಮಿತಿ ಹಾಕುತ್ತದೆ, ಹೊಸಬರನ್ನು ಸೇರಿಸಿಕೊಳ್ಳದಂತೆ ತಡೆಯುತ್ತದೆ, ಕೊನೆಗೆ ಹಂತವನ್ನೇ ಇಳಿಸುತ್ತದೆ. ಸ್ಟ್ರಾಸ್‌ಬರ್ಗ್ 2011ರಲ್ಲಿ ಐದನೇ ಹಂತಕ್ಕೆ ಬಿದ್ದದ್ದು ಹೀಗೇ, ಲೀಗ್ 1ಕ್ಕೆ ಮರಳಿದ್ದು 2017ರಲ್ಲಿ. ಬೋರ್ಡೊ 2024ರಲ್ಲಿ ವೃತ್ತಿಪರ ಸ್ಥಾನಮಾನ ಬಿಟ್ಟು ನ್ಯಾಷನಲ್ 2ಕ್ಕೆ ಇಳಿದದ್ದೂ ಹೀಗೇ.

ಆಟಗಾರನಿಗೆ ಇದರ ಪೆಟ್ಟು ಬೀಳುವುದು ಜುಲೈನಲ್ಲಿ. ತೀರ್ಪು, ಮೇಲ್ಮನವಿ ಎಂದು ಎಳೆಯುವಷ್ಟರಲ್ಲಿ ಬೇರೆ ಕ್ಲಬ್ಬುಗಳ ಮಿಡ್‌ಫೀಲ್ಡ್ ಭರ್ತಿಯಾಗಿರುತ್ತದೆ, ಸಂಬಳದ ಹಣ ಮುಗಿದಿರುತ್ತದೆ. ಉಳಿದದ್ದು ಒಂದು ಹಂತ ಕೆಳಗಿನ ಜಾಗ. ಪಟ್ಟಿಯಲ್ಲಿ ಆಟಗಾರ ಇದ್ದಕ್ಕಿದ್ದಂತೆ ಕೆಳಕ್ಕೆ ಹೋದದ್ದು ಕಂಡರೆ ಮೊದಲು ಅವನ ಹಳೆಯ ಕ್ಲಬ್ಬಿಗೆ ಆ ಬೇಸಿಗೆಯಲ್ಲಿ ಏನಾಯಿತು ನೋಡಿ, ಅವನ ಆಟವನ್ನು ಆಮೇಲೆ ಅಳೆಯಿರಿ. ಒಪ್ಪಂದವಿಲ್ಲದವರಿಗಾಗಿ ಆಟಗಾರರ ಸಂಘವಾದ ಯುಎನ್‌ಎಫ್‌ಪಿ ಬೇಸಿಗೆಯಲ್ಲಿ ಅಭ್ಯಾಸ ಶಿಬಿರ ನಡೆಸಿ ಸ್ನೇಹಪಂದ್ಯ ಆಡಿಸುತ್ತದೆ. ಆಗಸ್ಟ್‌ನಲ್ಲಿ ಕ್ಲಬ್ ಸಿಕ್ಕವರಲ್ಲಿ ಅಲ್ಲಿಂದ ಬಂದವರೂ ಇರುತ್ತಾರೆ. 1961ರಲ್ಲಿ ಆ ಸಂಘ ಕಟ್ಟಿದವರಲ್ಲಿ ಒಬ್ಬರು ಜುಸ್ತ್ ಫೊಂತೇನ್, ಹುಟ್ಟಿದ್ದು ಮರ್ರಾಕೆಶ್‌ನಲ್ಲಿ.

ಅಂಚಿನಸಾಲು:

ಎಲ್ಲರಿಗೂ ಧನ್ಯವಾದ. ರದ್ದಾದ ಸೀಸನ್ನಿನ ಸಂಗತಿ ನನ್ನ ಕಣ್ಣಿಗೇ ಬಿದ್ದಿರಲಿಲ್ಲ. ಇನ್ನೊಂದು ಪ್ರಶ್ನೆ: 2023ರ ಜನವರಿಯಲ್ಲಿ ಉನಾಹಿ ಆಂಜೆಯಿಂದ ಮಾರ್ಸೆಯಿಗೆ ಹೋದಾಗ ಅವ್ರಾಂಶ್‌ಗೆ ಪಾಲು ಸಿಕ್ಕಿರಬೇಕಲ್ಲವೇ? ವರ್ಗಾವಣೆ ಶುಲ್ಕದಲ್ಲಿ ಆಟಗಾರನನ್ನು ಬೆಳೆಸಿದ ಕ್ಲಬ್ಬುಗಳಿಗೆ ಹಂಚುವ ಫಿಫಾದ 5 ಶೇಕಡಾ ಲೆಕ್ಕ ಇದೆಯಲ್ಲ?

ಜೂನ್30:

ಫಿಫಾ ಲೆಕ್ಕದಲ್ಲಿ ಇಲ್ಲ. ಆ ‘ಸಾಲಿಡಾರಿಟಿ’ ಪಾಲು ಗಡಿ ದಾಟುವ ವರ್ಗಾವಣೆಗೆ. ದೇಶದೊಳಗಿನ ವರ್ಗಾವಣೆಯಾದರೆ, 2020ರ ಜುಲೈನಿಂದ, ಬೆಳೆಸಿದ ಕ್ಲಬ್ ಬೇರೆ ದೇಶದ್ದಾಗಿದ್ದರೆ ಮಾತ್ರ ಅದಕ್ಕೆ ಪಾಲು ಬರುತ್ತದೆ. ಆಂಜೆ, ಮಾರ್ಸೆಯಿ, ಅವ್ರಾಂಶ್ ಮೂರೂ ಫ್ರಾನ್ಸಿನವು. ಆ ವರ್ಗಾವಣೆಯಲ್ಲಿ ಈ ನಿಯಮದಡಿ ಹಕ್ಕಿದ್ದದ್ದು ಮೊರೊಕ್ಕೊದ ಕಡೆಗೆ.

2025ರಲ್ಲಿ ಮಾರ್ಸೆಯಿಯಿಂದ ಸ್ಪೇನಿನ ಜಿರೋನಾಗೆ ಹೋದದ್ದು ಬೇರೆ ಲೆಕ್ಕ, ಅಲ್ಲಿ ಗಡಿ ದಾಟಿತು. 12ರಿಂದ 15ನೇ ಹುಟ್ಟುಹಬ್ಬ ಬರುವ ಪ್ರತಿ ಸೀಸನ್‌ಗೆ ಶುಲ್ಕದ 0.25 ಶೇಕಡಾ, 16ರಿಂದ 23ರವರೆಗೆ ಪ್ರತಿ ಸೀಸನ್‌ಗೆ 0.5 ಶೇಕಡಾ. ಅವ್ರಾಂಶ್‌ನಲ್ಲಿದ್ದದ್ದು 21ನೇ ಹುಟ್ಟುಹಬ್ಬದ ಸೀಸನ್, ಹಾಗಾಗಿ 0.5. ಪ್ರತಿ 10 ಲಕ್ಷ ಯುರೋ ಶುಲ್ಕಕ್ಕೆ 5,000 ಯುರೋ. ಸ್ಟ್ರಾಸ್‌ಬರ್ಗ್‌ಗೆ ಎರಡು ಸೀಸನ್, ಅದರ ದುಪ್ಪಟ್ಟು. ಮುಖ್ಯ ತಂಡದಲ್ಲಿ ಆಡಿಸಿದರಾ ಇಲ್ಲವಾ ಅನ್ನುವುದು ಈ ಲೆಕ್ಕಕ್ಕೆ ಬರುವುದೇ ಇಲ್ಲ, ನೋಂದಣಿ ಇದ್ದರೆ ಸಾಕು. ಒಪ್ಪಂದ ಮುಗಿದು ಶುಲ್ಕವಿಲ್ಲದೆ ಹೋದ ಆಟಗಾರನಿಂದ ಈ ಲೆಕ್ಕದಲ್ಲಿ ಯಾರಿಗೂ ಏನೂ ಇಲ್ಲ. ಜೂನ್ 30ರ ಒಪ್ಪಂದಗಳಿಂದ ಕೆಳ ಹಂತದ ಕ್ಲಬ್ಬುಗಳು ಕಳೆದುಕೊಳ್ಳುವುದು ಇಲ್ಲೇ.

ಮೂರನೇಹಂತ:

ಬೇರೆ ಆಟಗಾರರನ್ನೂ ನೋಡುತ್ತೀರಿ ಅಂದದ್ದಕ್ಕೆ ಎರಡು ಮಾತು. ‘ಮೊರೊಕ್ಕೊದಲ್ಲಿ ಹುಟ್ಟಿದ’ ಎಂಬ ಒಂದೇ ಗುಂಪಿನಲ್ಲಿ ಎಲ್ಲರನ್ನೂ ಹಾಕಬೇಡಿ. 1929ರಲ್ಲಿ ಕಾಸಾಬ್ಲಾಂಕಾದಲ್ಲಿ ಹುಟ್ಟಿದ ಮಿಡ್‌ಫೀಲ್ಡರ್ ಅಬ್ದೆರ್ರಹ್ಮಾನ್ ಮಹ್ಜೂಬ್ ಆಡಿದ್ದು ಫ್ರಾನ್ಸಿನ ಪರ, 1954ರ ವಿಶ್ವಕಪ್‌ನಲ್ಲಿ. ಮೊರೊಕ್ಕೊ ಸ್ವತಂತ್ರವಾದದ್ದು 1956ರಲ್ಲಿ. 1971ರಲ್ಲಿ ಹುಟ್ಟಿದ ಮುಸ್ತಫಾ ಹಾಜಿ ಬಾಲ್ಯದಲ್ಲೇ ಮನೆಯವರ ಜೊತೆ ಫ್ರಾನ್ಸಿಗೆ ಬಂದವರು, ಆಟ ಕಲಿತದ್ದು ಅಲ್ಲೇ. ಉನಾಹಿ ತಾಯ್ನಾಡಿನ ಅಕಾಡೆಮಿಯಿಂದ ಸಿದ್ಧನಾಗಿ ಬಂದವನು. ಮೂವರ ಕಾಗದವೂ ಬೇರೆ, ಅಡೆತಡೆಯೂ ಬೇರೆ.

ಫ್ರೆಂಚ್ ಕಪ್ ಪಂದ್ಯಗಳನ್ನು ಎಣಿಸುವಾಗಲೂ ಹುಷಾರು. ನ್ಯಾಷನಲ್ ಕ್ಲಬ್ಬುಗಳು ಐದನೇ ಸುತ್ತಿನಿಂದ ಆಡುತ್ತವೆ, ಲೀಗ್ 2ರವು ಏಳರಿಂದ. ಅನೇಕ ಪಟ್ಟಿಗಳಲ್ಲಿ ಏಳಕ್ಕಿಂತ ಮುಂಚಿನ ಸುತ್ತುಗಳು ಬಿಟ್ಟುಹೋಗಿರುತ್ತವೆ. ಎರಡು ಕಡೆ ಎರಡು ಸಂಖ್ಯೆ ಕಂಡರೆ ಮೊದಲು ಇದನ್ನೇ ಪರೀಕ್ಷಿಸಿ. ಕಪ್‌ನಲ್ಲಿ ದೂರ ಹೋದದ್ದು ನೋಡಿ ಲೀಗ್ ಸ್ಥಿತಿಯನ್ನೂ ಊಹಿಸಬೇಡಿ: ಲೆ ಝೆರ್ಬಿಯೆ ಎಂಬ ಕ್ಲಬ್ 2018ರ ಮೇ 8ರಂದು ಪಿಎಸ್‌ಜಿ (ಪ್ಯಾರಿಸ್ ಸೇಂಟ್ ಜರ್ಮೇನ್) ಎದುರು ಕಪ್ ಫೈನಲ್ ಆಡಿ, ಮೂರೇ ದಿನಕ್ಕೆ ನ್ಯಾಷನಲ್‌ನಿಂದ ನ್ಯಾಷನಲ್ 2ಕ್ಕೆ ಬಿತ್ತು.

ಹಾಜಿಯ ಪಟ್ಟಿಯನ್ನು ಉನಾಹಿಯದರ ಪಕ್ಕ ಇಟ್ಟು ನೋಡಿ. 1994ರ ವಿಶ್ವಕಪ್ ಆಡುವಾಗ ಅವರ ಕ್ಲಬ್ ನಾನ್ಸಿ ಇದ್ದದ್ದು ಎರಡನೇ ಹಂತದಲ್ಲಿ. ನಾಲ್ಕು ವರ್ಷ ಕಳೆದು, 1998ರಲ್ಲಿ, ಅವರು ಆಫ್ರಿಕಾದ ವರ್ಷದ ಆಟಗಾರ.