‘ಪ್ರೀತಿ’ ಅನ್ನೂ ಶಬ್ದ ಬಾಯಿಗೆ ಬರಲಾರದ ಪ್ರೀತಿ ಸಿನೆಮಾ: ಕೆಲವು ಯಾಕ ಹಿಡಿದು ಕೂಡಸ್ತಾವ, ಕೆಲವು ಯಾಕ ನಿದ್ದಿ ತರಸ್ತಾವ?

ಲೆಕ್ಕದ ಟೀಚರ್, ಬಾಗಲಕೋಟೆ:

ನಮಸ್ಕಾರ್ರಿ ಎಲ್ಲಾರಿಗೂ. ನಾನು ನವನಗರದಾಕಿ, ಹೈಸ್ಕೂಲಿನ್ಯಾಗ ಗಣಿತ ಕಲಸ್ತೇನಿ. ಹುಡುಗ ಹುಡುಗಿ ಬೆನ್ನು ಹತ್ತೂದು, ಮಳಿಯಾಗ ಕುಣಿಯೂದು, ಕಡೀಕ ಏರ್‌ಪೋರ್ಟಿಗೆ ಓಡೂದು, ಇವೆಲ್ಲಾ ನೋಡಿ ನೋಡಿ ಸಾಕಾಗೇತಿ. ಮಕ್ಕಳು ಓದಾಕಂತ ಬೆಂಗಳೂರಿಗೆ ಹೋದ ಮ್ಯಾಲೆ ರವಿವಾರ ಸಂಜೀಕ ನಾನು, ನಮ್ಮ ಮನಿಯವರು ಕೂಡಿ ಒಂದು ಸಿನೆಮಾ ನೋಡೂ ರೂಢಿ ಮಾಡಿಕೊಂಡೇವಿ.

‘ದಿ ಲಂಚ್‌ಬಾಕ್ಸ್’ (2013) ನೋಡಿದ್ವಿ. ಮುಂಬೈದಾಗ ಡಬ್ಬಾದಾವರು ತಪ್ಪಿ ಒಬ್ಬಾಕಿ ಕಟ್ಟಿದ ಡಬ್ಬಿ ಮತ್ತೊಬ್ಬನ ಟೇಬಲ್ಲಿಗೆ ಮುಟ್ಟಸ್ತಾರ. ಆಕಿ ಚೀಟಿ ಇಟ್ಟು ಕಳಸ್ತಾಳ. ಇರ್ಫಾನ್ ಖಾನ್ ತಿರುಗಿ ಬರಿಯೂ ಮೊದಲನೇ ಉತ್ತರ ಏನು ಗೊತ್ತೇನ್ರಿ? ಇವತ್ತ ಊಟಕ್ಕ ಉಪ್ಪು ಭಾಳ ಆಗಿತ್ತು ಅಂತ! ಪ್ರೀತಿ ಅಲ್ಲಿಂದ ಚಾಲೂ. ನಮ್ಮ ಮನ್ಯಾಗಾದ್ರ ಅಲ್ಲಿಂದ ಜಗಳಾ ಚಾಲೂ ಆಗತೈತಿ.

ಮುಂದಿನ ವಾರ ಯಾರೋ ಹೇಳಿದ್ರಂತ ಇನ್ನೊಂದು ಹಾಕಿದ್ವಿ, ಹೆಸರು ಬ್ಯಾಡ. ಪ್ರಶಸ್ತಿ ಬಂದದ್ದು. ಇಬ್ಬರು ಕಿಡಕಿ ಬಾಜೂಕ ಕೂಡತಾರ, ಚಹಾ ಕುಡೀತಾರ, ಹೊರಗ ನೋಡತಾರ. ಮತ್ತ ಕೂಡತಾರ. ನಮ್ಮವರು ಗೊರಕಿ ಹೊಡದ್ರು, ನನಗೂ ತೂಕಡಿಕಿ ಬಂತು.

ಎರಡೂ ಸಾವಕಾಶ ಸಿನೆಮಾ, ಎರಡರಾಗೂ ಮಾತು ಕಡಿಮಿ. ಒಂದು ಹಿಡೀತು, ಒಂದು ಹಿಡೀಲಿಲ್ಲ. ಯಾಕ ಇರಬೇಕು? ಹಂಗ ನಾಕು ಛಲೋ ಹೆಸರೂ ಹೇಳ್ರಿ.

ಕಣಬರ್ಗಿ ಹುಡುಗ:

ಟೀಚರ್, ವಾಂಗ್ ಕಾರ್-ವಾಯ್ ಅವರ ‘ಇನ್ ದ ಮೂಡ್ ಫಾರ್ ಲವ್’ (2000) ನೋಡ್ರಿ. 1962ರ ಹಾಂಗ್‌ಕಾಂಗ್. ಎರಡು ಸಂಸಾರ ಒಂದೇ ದಿನ ಅಕ್ಕಪಕ್ಕದ ಬಾಡಿಗೆ ಕೋಣೆಗಳಿಗೆ ಬರ್ತಾವೆ. ಈ ಮನೆಯ ಗಂಡ, ಆ ಮನೆಯ ಹೆಂಡತಿ ಒಳಗೊಳಗೇ ಸಂಬಂಧ ಇಟ್ಟುಕೊಂಡಿದ್ದಾರೆ ಅಂತ ಉಳಿದ ಇಬ್ಬರಿಗೆ ಗೊತ್ತಾಗೋದು ಹೇಗೆ ಗೊತ್ತಾ? ಈತನ ಹೆಂಡತಿಯ ಹತ್ತಿರ ಇರೋಂಥದ್ದೇ ಹ್ಯಾಂಡ್‌ಬ್ಯಾಗ್ ಆಕೆಯ ಹತ್ತಿರ, ಆಕೆಯ ಗಂಡನ ಹತ್ತಿರ ಇರೋಂಥದ್ದೇ ಟೈ ಈತನ ಹತ್ತಿರ. ಹೋಟೆಲಿನಲ್ಲಿ ಕೂತು ಬ್ಯಾಗ್ ಎಲ್ಲಿ ಸಿಗ್ತದೆ, ಟೈ ಎಲ್ಲಿ ತಗೊಂಡ್ರಿ ಅಂತ ವಿಚಾರಿಸ್ತಾರೆ, ಅಷ್ಟೇ. ಆ ಗಂಡ-ಹೆಂಡತಿ ಇಬ್ಬರ ಮುಖ ಇಡೀ ಸಿನೆಮಾದಲ್ಲಿ ತೋರಿಸೋದೇ ಇಲ್ಲ.

ನಾಯಕ ಟೋನಿ ಲ್ಯೂಂಗ್‌ಗೆ ಫ್ರಾನ್ಸಿನ ಕಾನ್ ಸಿನೆಮಾ ಉತ್ಸವದಲ್ಲಿ ಶ್ರೇಷ್ಠ ನಟ ಪ್ರಶಸ್ತಿ ಬಂತು. ಮೊಬೈಲಿನಲ್ಲಿ ಮಾತ್ರ ನೋಡಬೇಡ್ರಿ. ಕತ್ತಲೆ ಓಣಿ, ಇಕ್ಕಟ್ಟಾದ ಮೆಟ್ಟಿಲು, ಏನೂ ಕಾಣೋದಿಲ್ಲ.

ಕ್ಯಾಬಿನ್ ಕಾಕಾ, ವಿಜಯಪುರ:

ಟೀಚರ್, ನಾನು ಇಲ್ಲೆ ಒಂದು ಟಾಕೀಜಿನ್ಯಾಗ ಪ್ರೊಜೆಕ್ಟರ್ ಆಪರೇಟರ್ ಇದ್ದಾವ. ಡಿಜಿಟಲ್ ಬಂತು, ಮಷಿನ್ ಗುಜರಿಗೆ ಹೋತು, ನಾನು ಝೆರಾಕ್ಸ್ ಅಂಗಡಿ ಹಾಕಿದ್ಯಾ. ಸಿನೆಮಾದ ಬಗ್ಗೆ ಪುಸ್ತಕ ಓದಿದಾವಲ್ಲ. ಕ್ಯಾಬಿನ್ ಕಿಂಡಿಯಿಂದ ಕಂಡದ್ದಷ್ಟ ಹೇಳತೇನಿ.

ಕ್ಯಾಬಿನ್ನಿನ್ಯಾಗ ಸಿನೆಮಾ ಸರಿ ಕೇಳಸೂದಿಲ್ಲ. ಮಷಿನ್ ಕಟಕಟಾ ಅಂತಿರತೈತಿ, ಮ್ಯಾಲೆ ಫ್ಯಾನಿನ ಗದ್ದಲ. ಪರದೆಗೆ ಬೆಳಕು ಕೊಡೂ ಕಾರ್ಬನ್ ಕಡ್ಡಿ ಉರದಂಗೆಲ್ಲಾ ಹೊಂದಸಬೇಕು, ಇಲ್ಲಂದ್ರ ಪರದೆ ಮಬ್ಬಾಗಿ ಕೆಳಗಿಂದ ಸೀಟಿ ಬೀಳತಾವ. 2000 ಅಡಿ ರೀಲ್ ಅಂದ್ರ 22 ನಿಮಿಷ. ಮುಗಿಯಾಕ ಬಂದಾಗ ಪರದೆದ ಬಲಕ್ಕ, ಮ್ಯಾಲಿನ ಮೂಲ್ಯಾಗ ಒಂದು ಚುಕ್ಕಿ ಮಿಂಚತೈತಿ. ಅದನ್ನ ಕಾದು, ಮುಂದಿನ ರೀಲ್ ಏರಿಸಿಟ್ಟ ಎರಡನೇ ಮಷಿನ್ ಚಾಲೂ ಮಾಡಬೇಕು. ಇದರಾಗ ಡೈಲಾಗ್ ಅರ್ಧಾ ಕಿವಿಗೆ ಬಿದ್ದರ ನಮ್ಮ ಪುಣ್ಯಾ. ಕೈ, ಕಣ್ಣು, ಯಾರು ಯಾರಿಂದ ಎಷ್ಟು ದೂರ ನಿಂತಾರ, ಇವಷ್ಟ ನಮ್ಮ ಪಾಲಿಗೆ.

ಹಂಗಾಗಿ ನನಗೊಂದು ರೂಢಿ ಬಿತ್ತು. ಮಾತು ಕೇಳಲಾರದ, ಯಾರಿಗೆ ಯಾರ ಮ್ಯಾಲೆ ಮನಸ್ಸೈತಿ, ನಡುವ ಅಡ್ಡ ಏನೈತಿ ಅಂತ ತಿಳದ್ರ ಅದು ಗಟ್ಟಿ ಸಿನೆಮಾ. ಹಳೇ ಪ್ರಿಂಟ್ ತಂದು ಮಾರ್ನಿಂಗ್ ಶೋಕ್ಕ ಹಾಕ್ತಿದ್ವಿ. ‘ಎರಡು ಕನಸು’ (1974) ಹಾಕಿದಾಗ ಕಲ್ಪನಾ ಅವರ ಮುಖಾ ನೋಡಿದ್ರ ಸಾಕಾಗತಿತ್ತು. ಲಗ್ನ ಆಗಿ ಬಂದಾಳ, ಗಂಡನ ಮನಸು ಇನ್ನಾ ಮೊದಲಿನಾಕಿ ಕಡೆ ಐತಿ, ಇಕಿಗೆ ಅದು ಗೊತ್ತೈತಿ. ಇಷ್ಟೂ ನನಗ ಕಿಂಡಿಯಿಂದ ಕಾಣತಿತ್ತು. ಜೋರ್ ಡೈಲಾಗಿನ ಪ್ರೀತಿ ಸಿನೆಮಾ ಅದ ಕಿಂಡಿಯಿಂದ ನೋಡಿದ್ರ ಇಬ್ಬರು ಹೊಲದ ಬದುವಿಗೆ ಜಗಳಾ ತಗದಂಗ ಕಾಣತಿತ್ತು.

‘ಬೆಳದಿಂಗಳ ಬಾಲೆ’ (1995) ಕಥಿ ಕೇಳ್ರಿ. ಸುನಿಲ್ ಕುಮಾರ್ ದೇಸಾಯಿ ಅವರದು. ಅನಂತನಾಗ್ ಚೆಸ್ ಆಟಗಾರ. ಗುರುತಿಲ್ಲದ ಹುಡುಗಿ ಫೋನ್ ಮಾಡತಾಳ, ನಾನ್ಯಾರು ಹುಡುಕು ಅಂತಾಳ. ಆಕಿ ಮುಖಾ ಕಡೀತನಕಾ ತೋರಸೂದಿಲ್ಲ, ಬರೇ ದನಿ. ನಮ್ಮಲ್ಲಿ ಬಂದಾಗ ಇಂಟರ್ವಲ್‌ದಾಗ ಗಾಂಧಿ ಕ್ಲಾಸಿನಾವ ಒಬ್ಬ ದಡದಡಾ ಮೆಟ್ಟಲಾ ಹತ್ತಿ ಬಂದ. “ಹೀರೋಯಿನ್ ಇರೂ ರೀಲ್ ಕಟ್ ಮಾಡೀಯಲ್ಲೋ, ರೊಕ್ಕಾ ತಿರುಗಿ ಕೊಡು” ಅಂದ. ಮುಂದ ನೋಡು ಮಾರಾಯಾ ಅಂತ ಕಳಿಸಿದ್ಯಾ. ಸೆಕೆಂಡ್ ಹಾಫ್ ಪೂರ್ತಿ ಆ ಮನಷ್ಯಾ ಬೀಡಿ ಸೇದಾಕೂ ಹೊರಗ ಎದ್ದು ಹೋಗಲಿಲ್ಲ. ಬೀಡಿ ಬಿಟ್ಟು ಕುಂತಾರ ಅಂದ್ರ ಅದು ನಮ್ಮ ಲೆಕ್ಕದಾಗ ದೊಡ್ಡ ಪ್ರಶಸ್ತಿ.

ಅಲ್ಲಿ ಯಾಕ ಹಿಡೀತು? ಅವಗ ಮಾಡಾಕ ಒಂದು ಕೆಲಸ ಐತ್ರಿ, ಹುಡುಕೂ ಕೆಲಸ. ಲಂಚ್‌ಬಾಕ್ಸಿನ್ಯಾಗ ಆಕಿಗೆ ಅಡಗಿ, ಇವಗ ಊಟಾ, ಮತ್ತ ಇಬ್ಬರಿಗೂ ಚೀಟಿ. ಪ್ರೀತಿ ಆ ಕೆಲಸದೊಳಗ ಹೊಕ್ಕು ಕುಂದರತೈತಿ, ಬ್ಯಾರೆ ಸೀನ್ ಬೇಕಾಗೂದಿಲ್ಲ. ಒಮ್ಮೆ ಭೆಟ್ಟಿ ಆಗೂಣು ಅಂತ ಗೊತ್ತುಮಾಡಿಕೋತಾರ ನೋಡ್ರಿ, ಆಕಿ ಹೋಟೆಲಿನ್ಯಾಗ ಕುಂತು ಕಾಯತಾಳ, ಇವ ಬಂದು ದೂರಿಂದ ನೋಡತಾನ, ನಾನು ಮುದುಕ ಆಗೇನಿ ಅಂತ ಹತ್ರ ಹೋಗೂದ ಇಲ್ಲ. ಮರುದಿನ ಡಬ್ಬಿ ಬಿಚ್ಚಿದ್ರ ಒಳಗ ಏನೂ ಇಲ್ಲ, ಖಾಲಿ. ಅಷ್ಟರಾಗ ಆಕಿ ಸಿಟ್ಟೆಲ್ಲಾ ಬಂತಲ್ಲ? ಇದನ್ನ ಡೈಲಾಗಿನ್ಯಾಗ ಬರದ್ರ ಎರಡು ಪುಟ ಆಗತಿದ್ವು.

ನಿಮಗ ನಿದ್ದಿ ಬರಿಸಿದ ಸಿನೆಮಾದ ಜೋಡಿಗೆ ಕೆಲಸಾನೂ ಇದ್ದಂಗಿಲ್ಲ, ಅಡ್ಡೀನೂ ಇದ್ದಂಗಿಲ್ಲ. ಅಡ್ಡಿ ಇಲ್ಲಂದ್ರ ಬಾಯಿ ಯಾಕ ಮುಚ್ಚಿಕೊಂಡು ಕುಂತಾರ? ಹೇಳಿ ಮುಗಿಸಬೇಕಪ್ಪಾ. ಡೈರೆಕ್ಟರ್ ಕ್ಯಾಮರಾ ಇಟ್ಟು ತಾನೂ ಚಹಾ ಕುಡಿಯಾಕ ಹೋಗಿರಬೇಕು.

ನೈಟ್ ಡ್ಯೂಟಿ, ಬೆಳಗಾವಿ:

ಕಾಕಾ, ಭಾಳ ಛಲೋ ಹೇಳಿದ್ರಿ. ಆದ್ರ ನನ್ನದೊಂದು ತಕರಾರು ಐತಿ. ನೀವು ‘ಅಡ್ಡಿ’ ಅಂದ್ರಲ್ಲ, ಅದು ಯಾವಾಗ ನೋಡಿದ್ರೂ ಹೆಂಗಸಿನ ಕೊಳ್ಳಿಗೇ ಬಿದ್ದಿರತೈತಿ. ‘ಬ್ರೀಫ್ ಎನ್‌ಕೌಂಟರ್’ (1945) ತಗೋರಿ, ಡೇವಿಡ್ ಲೀನ್ ಅವರದು. ರೈಲ್ವೆ ಸ್ಟೇಷನ್, ಆಕಿ ಕಣ್ಣಾಗ ಕಸಾ ಬೀಳತೈತಿ, ಡಾಕ್ಟರ್ ತಗೀತಾನ. ಅಲ್ಲಿಂದ ಗುರುವಾರಕ್ಕೊಮ್ಮೆ ಭೆಟ್ಟಿ. ಇಬ್ಬರಿಗೂ ಸಂಸಾರ ಐತಿ. ಕಡೀಕ ಅವ ಆಫ್ರಿಕಾಕ್ಕ ಕೆಲಸಕ್ಕ ಹೊಂಡತಾನ, ಆಕಿ ತಿರುಗಿ ಅದ ಮನಿ, ಅದ ಕುರ್ಚಿ, ಅದ ಗಂಡಾ. ನೋಡಿದವರೆಲ್ಲಾ “ಎಂಥಾ ಸಂಯಮ!” ಅಂತಾರ. ಸಂಯಮದ ಬಿಲ್ಲು ಯಾರ ಹೆಸರಿಗೆ ಬಂತು ಅಂತ ಯಾರೂ ಕೇಳೂದಿಲ್ಲ.

ಲಂಚ್‌ಬಾಕ್ಸಿನ ಇಳಾ ನನಗ ಸೇರೂದು ಇದಕ್ಕ. ಒಗಿಯೂ ಮುಂದ ಗಂಡನ ಅಂಗಿ ಮೂಸಿ ಅವನ ಭಾನಗಡಿ ತಿಳಕೋತಾಳ. ಅಲ್ಲೂ ಕೂಗಾಟ ಇಲ್ಲ. ಆದ್ರ ಬಂಗಾರ ಮಾರಿ, ಮಗಳನ್ನ ಕರಕೊಂಡು ಭೂತಾನಕ್ಕ ಹೋಗೂ ತಯಾರಿ ಮಾಡತಾಳಲ್ಲ! ದನಿ ಏರಸಲಾರದ ನಿರ್ಧಾರ ತಗೋಬಹುದು ಅಂತ ಆ ಸಿನೆಮಾಕ್ಕ ಗೊತ್ತೈತಿ.

ಹಂಗಂತ ‘ಬ್ರೀಫ್ ಎನ್‌ಕೌಂಟರ್’ ನೋಡಬ್ಯಾಡ್ರಿ ಅನ್ನೂದಿಲ್ಲ. ಕಡೀ ಭೆಟ್ಟಿ, ಇನ್ನ ನಾಕು ನಿಮಿಷ ಉಳದಾವ, ಆಗ ಪರಿಚಯದ ಬಾಯಿ ಒಬ್ಬಾಕಿ ಬಂದು ಅವರ ಟೇಬಲ್ಲಿಗೇ ಕುಂತು ವಟವಟಾ ಹಚ್ಚತಾಳ. ಇಬ್ಬರೂ ಒಂದು ಮಾತು ಆಡೂವಂಗಿಲ್ಲ. ಅವನ ಗಾಡಿ ಬಂತು. ಹೋಗೂ ಮುಂದ ಆಕಿ ಭುಜದ ಮ್ಯಾಲೆ ಒಮ್ಮೆ ಕೈ ಒತ್ತಿ ಹೋಗಿಬಿಡತಾನ. ನಮ್ಮ ಸಿಬಿಟಿ ಬಸ್ ಸ್ಟ್ಯಾಂಡಿನೊಳಗೂ ಅಂಥಾ ಬಾಯಿ ಯಾವಾಗಲೂ ಒಬ್ಬಾಕಿ ಇರತಾಳ್ರಿ, “ಏನವಾ, ಯಾವ ಊರಿಗೆ ಹೊಂಟಿ, ಇವರ್ಯಾರು?” ಅಂತ.

ಕ್ಯಾಬಿನ್ ಕಾಕಾ, ವಿಜಯಪುರ:

ತಂಗಿ, ನಿನ್ನ ತಕರಾರು ಖರೇ ಐತಿ. ‘ಎರಡು ಕನಸು’ ನಡದಾಗ ಹೆಣ್ಣುಮಕ್ಕಳ ಕಡೆಯಿಂದ ಮೂಗು ಏರಸೂ ಸಪ್ಪಳಾ ಬರತಿತ್ತು, ಗಂಡಸರು ಇಂಟರ್ವಲ್‌ದಾಗ ಹಾಡಿನ ಬಗ್ಗೆ ಮಾತಾಡತಿದ್ರು. ಆಗ ನಾನು ಅದನ್ನ ಹಾಡು ಛಲೋ ಅದಾವ ಅಂತಷ್ಟ ತಿಳಕೊಂಡಿದ್ದೆ. ಈಗ ನೀ ಹೇಳಿದ ಮ್ಯಾಲೆ ಆ ಸಪ್ಪಳದ್ದು ಬ್ಯಾರೆ ಲೆಕ್ಕಾ ಕಾಣಾಕತ್ತೈತಿ. ಆ ರೈಲ್ವೆ ಸಿನೆಮಾ ನಾ ನೋಡಿಲ್ಲ, ಮೊಮ್ಮಗಗ ಹೇಳಿ ಹಾಕಸ್ತೇನಿ.

ಲೆಕ್ಕದ ಟೀಚರ್, ಬಾಗಲಕೋಟೆ:

ಎಲ್ಲಾರಿಗೂ ಥ್ಯಾಂಕ್ಸ್ ರಿ. ಕಾಕಾರ ಮಾತು ಓದಿ ಹೇಳಿದ್ಯಾ, ನಮ್ಮವರು ಆ ನಿದ್ದಿ ಸಿನೆಮಾ ಮತ್ತ ಹಾಕಿ, ಸೌಂಡ್ ಬಂದ್ ಮಾಡಿ ಹತ್ತು ನಿಮಿಷ ನೋಡಿದ್ರು. “ಇವರಿಬ್ಬರೂ ಅಣ್ಣ-ತಂಗಿ ಇರಬೇಕು” ಅಂದು ಎದ್ದು ಹೋದ್ರು. ಪರೀಕ್ಷೆ ಫೇಲ್.

ಈ ರವಿವಾರ ‘ಬೆಳದಿಂಗಳ ಬಾಲೆ’, ಅದಕ್ಕ ಸಬ್‌ಟೈಟಲ್ ಬೇಕಾಗೂದಿಲ್ಲ. ಕಣಬರ್ಗಿ ತಮ್ಮಾ, ಆ ಹಾಂಗ್‌ಕಾಂಗ್ ಸಿನೆಮಾಕ್ಕ ಕನ್ನಡದಾಗ ಸಬ್‌ಟೈಟಲ್ ಎಲ್ಲೆರ ಸಿಗತಾವೇನು ನೋಡಿ ಹೇಳಪಾ. ಇಂಗ್ಲಿಷಿನ್ಯಾಗ ಇದ್ರ ನಮ್ಮವರು ಪ್ರತಿಯೊಂದು ಸಾಲೂ ಜೋರಾಗಿ ಓದತಾರ.